ಫರಸಿ ಹುಳದ ಸದ್ದು

ಅಕ್ಕನ ಮನೆಯ ಪಡಸಾಲೆಯಲ್ಲಿ ಕೂತು ಶೇಂಗಾ ಸುಲಿಯುತ್ತಿದ್ದಾಗ ಮಹಾನಂದಾಳಿಗೆ ಇದ್ದಕ್ಕಿದ್ದಂತೆ ಹೆದರಿಕೆಯಾಯಿತು.

ಹೆದರುವಂಥದ್ದು ಅಲ್ಲಿ ಏನೂ ಇರಲಿಲ್ಲ. ಹೊರಗೆ ಏಪ್ರಿಲ್ ತಿಂಗಳ ಮಟಮಟ ಮಧ್ಯಾಹ್ನ. ಅಡುಗೆಮನೆಯಲ್ಲಿ ಅಕ್ಕ ಶಿವಲೀಲಾ ರೊಟ್ಟಿ ಬಡಿಯುತ್ತಿದ್ದ ಸದ್ದು ಕೇಳುತ್ತಿತ್ತು. ಮೊದಲು ಎದೆಯ ಗೂಡು ಒಳಗಿನಿಂದ ಸಣ್ಣಗೆ ನಡುಗಿತು. ಆಮೇಲೆ ಕತ್ತಿನ ಹಿಂದಿನ ಕೂದಲು ನಿಮಿರಿತು. ಬೆನ್ನ ಹಿಂದೆ ಯಾರೋ ನಿಂತಿದ್ದಾರೆ ಅನ್ನಿಸಿತು. ತಿರುಗಿ ನೋಡಿದಳು, ಗೋಡೆ. ಮತ್ತೆ ಮುಂದಕ್ಕೆ ತಿರುಗಿದರೆ ಆ ಯಾರೋ ಇನ್ನಷ್ಟು ಹತ್ತಿರ ಬಂದಂತೆ. ಕಣ್ಣಂಚಿನಲ್ಲಿ ಬೂದು ಬಣ್ಣದ್ದೇನೋ ಸರಿದು ಹೋಯಿತು. ಕಿರುಚಬೇಕೆಂದರೆ ಉಸಿರು ಬರಲಿಲ್ಲ.

ಅವಳು ಕಲಬುರಗಿಯ ಒಂದು ಕಾಲೇಜಿನಲ್ಲಿ ಪ್ರಾಣಿಶಾಸ್ತ್ರ ಕಲಿಸುವವಳು. ಚೇಳನ್ನು ಬರಿಗೈಯಲ್ಲಿ ಎತ್ತಿ ಹುಡುಗರಿಗೆ ತೋರಿಸುವವಳು. ಇಂಥ ಹೆದರಿಕೆ ಅವಳಿಗೆ ಚಿಕ್ಕಂದಿನಲ್ಲೂ ಆಗಿರಲಿಲ್ಲ.

ರೊಟ್ಟಿ ಬಡಿಯುವ ಸದ್ದು ನಿಂತಿತು. ಶಿವಲೀಲಾ ಹಿಟ್ಟಿನ ಕೈಯಲ್ಲೇ ಬಾಗಿಲಿಗೆ ಬಂದಳು. ಅವಳ ಮುಖವೂ ಸುಣ್ಣ ಬಳಿದಂತಾಗಿತ್ತು.

"ಬಂತಲ್ಲ? ನಿನಗೂ ಬಂತಲ್ಲ?"

"ಏನಕ್ಕ ಇದು?"

"ಮೊದಲ ಹೊರಗ ನಡಿ. ರೇಣುಕಾ, ಎಲ್ಲಿದ್ದಿ? ಹೊರಗ ನಡೀರಿ ಎಲ್ಲಾರೂ."

ಒಳಗಿನಿಂದ ಶಿವಲೀಲಾಳ ಸೊಸೆ ರೇಣುಕಾ ಹೊಟ್ಟೆ ಹಿಡಿದುಕೊಂಡು ಓಡಿ ಬಂದಳು. ಏಳು ತಿಂಗಳ ಬಸುರಿ. ಮೂವರೂ ಚಪ್ಪಲಿಯಿಲ್ಲದ ಕಾಲಲ್ಲಿ ಬೀದಿಗೆ ಬಿದ್ದರು. ಓಣಿಯ ಕೊನೆಯ ಬೇವಿನ ಮರದ ಕೆಳಗೆ ಆಗಲೇ ಹತ್ತಾರು ಜನ ಸೇರಿದ್ದರು. ಮುದುಕರು, ತೊಡೆಯ ಮೇಲೆ ಕೂಸಿಟ್ಟುಕೊಂಡ ಹೆಂಗಸರು, ಅರ್ಧ ಉಂಡ ಕೈ ಒಣಗಿಸಿಕೊಂಡು ಕೂತ ಗಂಡಸರು. ಬಿಸಿಗಾಳಿ ಮುಖಕ್ಕೆ ಹೊಡೆಯುತ್ತಿತ್ತು. ಸ್ವಲ್ಪ ಹೊತ್ತಿನಲ್ಲಿ ಮಹಾನಂದಾಳ ಎದೆಯ ನಡುಕ ಇಳಿಯಿತು, ಹೆದರಿಕೆ ಬಂದಷ್ಟೇ ಬೇಗ ಹೋಯಿತು. ಅಂಗೈಯಲ್ಲಿ ಇನ್ನೂ ನಾಲ್ಕು ಶೇಂಗಾ ಕಾಳು ಇದ್ದವು.

ಹೊನ್ನಕಂಟಿ ಕಾಗಿಣಾ ನದಿಯ ದಂಡೆಯ ಕಲ್ಲುಗಣಿಯ ಊರು. ಗಣಿಯಿಂದ ತೆಗೆದ ಹಾಸುಗಲ್ಲನ್ನು ಅಲ್ಲಿಯವರು ಫರಸಿ ಅನ್ನುತ್ತಾರೆ. ನೆಲ ಫರಸಿ, ಗೋಡೆ ಫರಸಿ, ಸೂರಿಗೆ ಹಾಸಿದ ಮಾಳಿಗೆಯೂ ಫರಸಿ. ಕಳೆದ ದೀಪಾವಳಿಯ ಹೊತ್ತಿಗೆ ಗಣಿ ಇನ್ನೊಂದು ಪದರ ಕೆಳಕ್ಕೆ ಇಳಿದು, ಹಸಿರು ಛಾಯೆಯ ಹೊಸ ಕಲ್ಲು ಬಂದಿತ್ತು. ಅಗ್ಗಕ್ಕೆ ಸಿಕ್ಕಿತೆಂದು ಓಣಿಯವರೆಲ್ಲ ಮಾಳಿಗೆಗೆ ಅದನ್ನೇ ಹಾಸಿಕೊಂಡರು. ಬಿಸಿಲು ಏರತೊಡಗಿದ ಮೇಲೆ ಈ ಹೆದರಿಕೆ ಶುರುವಾಗಿತ್ತು. ಮಧ್ಯಾಹ್ನವಾದರೆ ಮನೆಯೊಳಗೆ ಇರಲಾಗದು. ಗಣಿಯಲ್ಲಿ ಮೇಸ್ತ್ರಿಯಾಗಿದ್ದ ಚಂದ್ರಾಮನ ತಾಯಿ ಎದ್ದು ಓಡಲಾಗದ ಮುದುಕಿ. ಮಂಚದ ಪಟ್ಟಿಯನ್ನು ಹಿಡಿದ ಹಿಡಿ ಬಿಡದೆ, ಕಣ್ಣು ತೆರೆದುಕೊಂಡೇ ಸತ್ತುಹೋಗಿದ್ದಳು.

"ಇದು ಭಾನಾಮತಿ," ಎಂದಳು ಶಿವಲೀಲಾ ತಗ್ಗಿದ ದನಿಯಲ್ಲಿ. ಯಾರೋ ಮಾಡಿಸಿದ ಮಾಟ ಎಂಬ ಅರ್ಥದಲ್ಲಿ ಆ ಮಾತು ಆಡಿದರೆ ಆ ಸೀಮೆಯಲ್ಲಿ ಇನ್ನೇನೂ ವಿವರಿಸಬೇಕಿಲ್ಲ. "ಮಾಡಿದಾಕಿ ಯಾರಂತನೂ ಎಲ್ಲಾರಿಗಿ ಗೊತ್ತದ."

"ಯಾರು?"

ಶಿವಲೀಲಾ ಗಲ್ಲದಿಂದ ತೋರಿಸಿದಳು. ಓಣಿಯ ನಡುವೆ, ಮನೆಗೇ ಹೊಂದಿಕೊಂಡ ಹಿಟ್ಟಿನ ಗಿರಣಿ ಇತ್ತು. ಒಳಗೆ ಯಂತ್ರ ಗಡಗಡ ಅನ್ನುತ್ತಿತ್ತು. ಗಿರಣಿ ನಡೆಸುವ ಜಗದೇವಿ ತಲೆಯಿಂದ ಕಾಲಿನವರೆಗೆ ಹಿಟ್ಟು ಮೆತ್ತಿಕೊಂಡು ತನ್ನ ಪಾಡಿಗೆ ಜೋಳ ಸುರಿಯುತ್ತಿದ್ದಳು.

"ಊರೆಲ್ಲ ಓಡಿ ಹೊರಗ ಬಂದ್ರ ಆಕಿಗಿ ಏನೂ ಆಗಂಗಿಲ್ಲ. ಆಕಿ ಮಕ್ಕಳು ಒಳಗ ಉಂಡು ಮಲಗ್ತಾವ. ಅದು ಹ್ಯಾಂಗ ನೀನೇ ಹೇಳು."

ಮಹಾನಂದಾ ಗಿರಣಿಯ ಬಾಗಿಲನ್ನೇ ನೋಡುತ್ತ ಕೂತಳು.

ಸಂಜೆ ಕಲ್ಲು ತಣಿದ ಮೇಲೆ ಒಳಗೆ ಹೋದಾಗ ಅವಳ ಗಮನಕ್ಕೆ ಬಂದ ಮೊದಲ ಸಂಗತಿ ಗೋಡೆಯ ಮೇಲೆ ಒಂದೂ ಹಲ್ಲಿ ಇಲ್ಲದ್ದು. ಕೇಳಿದರೆ, ಇಲಿಯ ಕಾಟವೂ ಈ ವರ್ಷ ಇಲ್ಲವಂತೆ, ಬೆಕ್ಕು ಒಳಗೆ ಬರುವುದೇ ಇಲ್ಲವಂತೆ. ಅವಳು ಟಾರ್ಚು ಹಿಡಿದು ಮಾಳಿಗೆಯ ಕಲ್ಲುಗಳ ಸಂದಿಯನ್ನು ನೋಡುತ್ತ ಹೋದಳು. ಒಂದು ಸಂದಿಯಲ್ಲಿ ಕಲ್ಲಿನದೇ ಬಣ್ಣದ, ನಾಣ್ಯದಷ್ಟು ಚಪ್ಪಟೆಯಾದ ಜೀವಗಳು ಒಂದರ ಪಕ್ಕ ಒಂದು ಅಂಟಿಕೊಂಡಿದ್ದವು. ಎಂಟು ಕಾಲು. ಜೇಡ ಮತ್ತು ಚೇಳುಗಳ ಕುಲದ್ದು, ಆದರೆ ಅವಳು ಓದಿದ ಯಾವುದಕ್ಕೂ ಹೋಲುತ್ತಿರಲಿಲ್ಲ.

"ಅವೇನ ಮಾಡ್ತಾವ, ಫರಸಿ ಹುಳ," ಎಂದಳು ಶಿವಲೀಲಾ. "ಹೊಸ ಕಲ್ಲಿನಾಗ ಬಂದಾವ. ಕಡ್ಯಾಂಗಿಲ್ಲ, ಹೊಡ್ಯಾಂಗಿಲ್ಲ."

ಮಹಾನಂದಾ ಊಟದ ಡಬ್ಬಿ ತುಂಬ ಹುಳಗಳನ್ನೂ, ಒಂದು ಫರಸಿ ತುಂಡನ್ನೂ ತೆಗೆದುಕೊಂಡು ಕಲಬುರಗಿಗೆ ಹೊರಟಳು.

ಸೂಕ್ಷ್ಮದರ್ಶಕದ ಕೆಳಗೆ ಇಟ್ಟಾಗ ಅವಳು ಬಹಳ ಹೊತ್ತು ತಲೆ ಎತ್ತಲಿಲ್ಲ. ಹುಳದ ಹೊಟ್ಟೆಯ ಎರಡೂ ಬದಿಗೆ ಕಮ್ಮಾರನ ಅರದಂತೆ ಗೀರುಗೀರಾದ ಕಪ್ಪು ಪಟ್ಟಿಯಿತ್ತು. ಹಿಂಗಾಲಿನ ಒಳಮೈಯಲ್ಲಿ ಬಾಚಣಿಗೆಯ ಹಲ್ಲು. ಕಾಲನ್ನು ಪಟ್ಟಿಯ ಮೇಲೆ ಉಜ್ಜಿ ಸರಸರ ಸದ್ದು ಮಾಡುವ ಜೇಡಗಳು ಇವೆ, ಅದು ಹೊಸದೇನಲ್ಲ. ಹೊಸದು ಪಟ್ಟಿಯ ಒಳಗಿತ್ತು. ಈರುಳ್ಳಿ ಪೊರೆಯಷ್ಟು ತೆಳುವಾದ ಗಾಳಿಚೀಲ, ಅದರಿಂದ ಎಂಟೂ ಕಾಲುಗಳಿಗೆ ಇಳಿದ ಗಟ್ಟಿ ನಾರು. ಉಜ್ಜಿದ ಸದ್ದು ಗಾಳಿಗೆ ಹೋಗದೆ ಪಾದಗಳಿಗೆ ಇಳಿಯುತ್ತಿತ್ತು. ಪಾದಗಳ ಕೆಳಗೆ ಕಲ್ಲು.

ಭೌತಶಾಸ್ತ್ರದ ಇಸ್ಮಾಯಿಲ್ ಪಟೇಲರನ್ನು ಕರೆದಳು. ನಿವೃತ್ತಿಗೆ ಹತ್ತಿರ ಬಂದ, ನಿಧಾನವಾಗಿ ಮಾತಾಡುವ, ಪುರಾವೆ ಇಲ್ಲದೆ ಹೂಂ ಅನ್ನದ ಮನುಷ್ಯ. ಅವರು ಕತ್ತರಿಯಿಂದ ಟೇಪು ಕತ್ತರಿಸಿ ಕಂಪನ ಅಳೆಯುವ ಯಂತ್ರವನ್ನು ಫರಸಿಗೆ ಅಂಟಿಸಿ, ಹುಳಗಳನ್ನು ಅದರ ಅಡಿಗೆ ಬಿಟ್ಟು, ಮೇಲಿನಿಂದ ದೊಡ್ಡ ದೀಪದ ಕಾವು ಹಾಯಿಸಿದರು.

ಕಲ್ಲು ಕಾಯುತ್ತಿದ್ದಂತೆ ಒಂದು ಹುಳ ಹಿಂಗಾಲು ಆಡಿಸಿತು. ಆಮೇಲೆ ಇನ್ನೊಂದು. ಮೊದಮೊದಲು ಒಂದಕ್ಕೊಂದು ತಾಳವಿರಲಿಲ್ಲ. ಬರಬರುತ್ತ ಕಣದಲ್ಲಿ ತೆನೆ ತುಳಿಯಲು ಹಂತಿ ಕಟ್ಟಿದ ಎತ್ತುಗಳಂತೆ ಎಲ್ಲ ಕಾಲುಗಳೂ ಒಂದೇ ಗತಿಗೆ ಬಂದವು. ಪರದೆಯ ಮೇಲೆ ಚಪ್ಪಟೆಯಾಗಿದ್ದ ಗೆರೆ ಎದ್ದು ಅಲೆಯಾಯಿತು. ಕಿವಿಗೆ ಏನೂ ಕೇಳುತ್ತಿರಲಿಲ್ಲ.

"ಸೆಕೆಂಡಿಗಿ ಇಪ್ಪತ್ತು ಸಲಕ್ಕಿಂತ ಕಡಿಮಿ ಅದುರ್ತದ," ಎಂದರು ಪಟೇಲ್. "ನಮ್ಮ ಕಿವಿ ಹಿಡಿಯಾಂಗಿಲ್ಲ. ಎಲುಬು ಹಿಡೀತದ. ಮೊಟ್ಟಿ ಇಟ್ಟ ಜಾಗದಿಂದ ಹಲ್ಲಿ, ಇಲಿ ಓಡಿಸಾಕ ಇರಬೇಕು. ಫರಸಿ ಅಂದ್ರ ಅವಕ್ಕ ಡೊಳ್ಳಿನ ಚರ್ಮ ಇದ್ದಂಗ. ಒಂದಿಡೀ ಮಾಳಗಿ ಬಾರಿಸಿದ್ರ..."

ಮಾತು ನಿಂತಿತು. ಪಟೇಲರು ಪರದೆ ಬಿಟ್ಟು ಅವಳನ್ನು ನೋಡುತ್ತಿದ್ದರು.

"ಮೇಡಂ, ಬಾಗಿಲ ಚಿಲಕ ನೀವು ಹಾಕಿದ್ರೇನು?"

ಬಾಗಿಲು ತೆರೆದೇ ಇತ್ತು. ಅದನ್ನು ಹೇಳಬೇಕೆಂದು ಮಹಾನಂದಾ ಬಾಯಿ ತೆರೆದಳು. ಆದರೆ ಅವಳ ಕಣ್ಣು ಪಟೇಲರ ಕೈಯಲ್ಲಿದ್ದ ಉದ್ದನೆಯ ಕತ್ತರಿಯ ಮೇಲೆ ನೆಟ್ಟಿತ್ತು. ಇಷ್ಟು ವರ್ಷ ಪಕ್ಕದ ಕೋಣೆಯಲ್ಲಿ ಚಹಾ ಕುಡಿದ ಈ ಮನುಷ್ಯ ಯಾರು, ಅವನಿಗೆ ಈ ಕತ್ತರಿ ಯಾತಕ್ಕೆ?

"ನನ್ನ ಇಲ್ಲಿಗಿ ಯಾಕ ಕರದ್ರಿ?" ಎಂದರು ಪಟೇಲ್. ಅವರ ದನಿ ನಡುಗುತ್ತಿತ್ತು.

ಅವಳು ಮೇಜಿನ ಮೇಲಿದ್ದ ಚೊಂಬಿನ ನೀರನ್ನು ಫರಸಿಯ ಮೇಲೆ ಸುರಿದಳು. ಬಿಸಿ ಕಲ್ಲು ಚುಂಯ್ ಅಂದಿತು. ಹುಳಗಳ ಕಾಲು ನಿಂತವು, ಗೆರೆ ಮತ್ತೆ ಚಪ್ಪಟೆಯಾಯಿತು. ಪಟೇಲರು ಕುರ್ಚಿಯಲ್ಲಿ ಕುಸಿದು ಕರವಸ್ತ್ರದಿಂದ ಮುಖ ಒರೆಸಿಕೊಂಡರು.

"ತಪ್ಪ ತಿಳೀಬ್ಯಾಡ್ರಿ. ಒಂದು ಗಳಿಗಿ ನೀವು ನನ್ನ ಕೊಲ್ಲಾಕ ಕರಸೀರಿ ಅಂತ ಖಾತ್ರಿ ಆಗಿತ್ತು."

"ಗೆರಿ ಕಣ್ಣ ಮುಂದ ಇತ್ತಲ್ಲ ಸರ್. ಹುಳದ ಕೆಲಸ ಅಂತ ನೀವೇ ಹೇಳ್ಲಾಕತ್ತಿದ್ರಿ."

"ಇತ್ತು. ಗೆರಿ ಕಾಣ್ತಿತ್ತು, ಹುಳ ಕಾಣ್ತಿತ್ತು. ಆದ್ರೂ ಅಂಜಿಕಿ ಹೋಗ್ಲಿಲ್ಲ. ಅದು ಬರೇ ಅಂಜಿಕಿ ಅಲ್ಲ ಮೇಡಂ. ಬಂದ ಕೂಡ್ಲೇ ಯಾರದರೆ ಮುಖ ಹುಡುಕ್ತದ."

ಮಹಾನಂದಾಳಿಗೂ ಹಾಗೇ ಆಗಿತ್ತು. ಆದರೆ ಗಿರಣಿಯ ಗುಟ್ಟು ಅವಳಿಗೆ ಹೊಳೆದಿತ್ತು. ಗಿರಣಿ ಗಡಗಡ ಅಂದಷ್ಟು ಹೊತ್ತು ಜಗದೇವಿಯ ಗೋಡೆ, ಮಾಳಿಗೆ ಎಲ್ಲ ಅದುರುತ್ತವೆ. ಅದುರುವ ಕಲ್ಲಿನ ಮೇಲೆ ಹುಳ ತಾಳ ಹಿಡಿಯಲಾರದು, ನಿಲ್ಲಲಾರದು. ಅದಕ್ಕೇ ಆ ಮನೆಗೆ ಹೆದರಿಕೆ ಇಲ್ಲ.

ಅವಳು ಅಕ್ಕನಿಗೆ ಫೋನು ಮಾಡಿ ಎಲ್ಲವನ್ನೂ ಹೇಳಿದಳು. ಮಾಳಿಗೆಗೆ ನೀರು ಹೊಯ್ಯಿರಿ, ಹುಳ ಸುಮ್ಮನಾಗುತ್ತವೆ ಎಂದಳು.

"ಕುಡಿಯಾಕ ಟ್ಯಾಂಕರ್ ಕಾಯ್ಲಾಕತ್ತೀವಿ. ಮಾಳಗಿಗಿ ಎಲ್ಲಿಂದ ತಂದು ಹೊಯ್ಯಾಮು?"

"ಹಂಗಾದ್ರ ಜಗದೇವಕ್ಕಗ ಗಿರಣಿ ಜಾಸ್ತಿ ಹೊತ್ತು ನಡಸಾಕ ಹೇಳ್ರಿ."



"ಗಿರಣಿಗಿ ನಿನ್ನಿ ಕೀಲಿ ಹಾಕ್ಯಾರ," ಎಂದಳು ಶಿವಲೀಲಾ. "ಆ ಸದ್ದಿನಾಗ ಮಂತ್ರ ಮುಚ್ಚಿಡ್ತಾಳಂತ. ನೀ ಆಕಿ ಕಡಿ ಯಾಕ ಮಾತಾಡ್ಲಾಕತ್ತಿ, ಮಾನಂದಾ? ಒಂದ್ ದಿನ ಬಂದು ಹೋಗಿದ್ದಿ. ನಿನಗೂ ಏನರ ಮಾಡಿಸ್ಯಾಳೇನು?"

ಫೋನು ಕಟ್ಟಾಯಿತು.

ಗಿರಣಿ ನಿಂತದ್ದೇ ಹುಳಗಳು ಆ ಗೋಡೆಗೂ ಹಬ್ಬಿದವು. ಓಣಿಯ ಉದ್ದಕ್ಕೂ ಒಂದಕ್ಕೊಂದು ತಗುಲಿಕೊಂಡಿದ್ದ ಮಾಳಿಗೆಗಳಿಗೆ ನಡುವೆ ಇದ್ದ ಒಂದೇ ತಡೆ ಹೋಗಿ, ಎಲ್ಲ ಕಲ್ಲೂ ಒಂದೇ ಡೊಳ್ಳಾಯಿತು. ಹೆದರಿಕೆ ಮೊದಲಿಗಿಂತ ಮುಂಚೆ ಬರತೊಡಗಿತು, ಬೇವಿನ ಮರದ ತನಕವೂ ಬರತೊಡಗಿತು. ಕೀಲಿ ಹಾಕಿದ್ದಕ್ಕೆ ಜಗದೇವಿ ಸೇಡು ತೀರಿಸಿಕೊಳ್ಳುತ್ತಿದ್ದಾಳೆ ಎಂದು ಜನ ಅಂದರು.

ಆ ವಾರದ ಒಂದು ಮಧ್ಯಾಹ್ನ ರೇಣುಕಾ ಮಾಳಿಗೆಯ ಮೇಲೆ ಒಣಹಾಕಿದ್ದ ಹಪ್ಪಳ ತೆಗೆಯುತ್ತಿದ್ದವಳು ಏನನ್ನೋ ಕಂಡಂತೆ ಚೀರಿ ಓಡಿ, ಕಲ್ಲಿನ ಮೆಟ್ಟಿಲ ಮೇಲಿನಿಂದ ಉರುಳಿದಳು.

ಅವಳನ್ನು ಕಲಬುರಗಿಗೆ ತಂದ ಸುದ್ದಿ ತಿಳಿದು ಮಹಾನಂದಾ ಆಸ್ಪತ್ರೆಗೆ ಓಡಿದಳು. ರಕ್ತ ನಿಂತಿದೆ, ಕೂಸಿನ ಎದೆಬಡಿತ ಕೇಳುತ್ತಿದೆ, ಆದರೆ ಇನ್ನೂ ಏನೂ ಹೇಳಲಾಗದು ಎಂದು ಡಾಕ್ಟರು ಹೇಳಿದ್ದರು. ಶಿವಲೀಲಾ ಬಾಗಿಲ ಹೊರಗಿನ ಬೆಂಚಿನ ಮೇಲೆ ಕೂತಿದ್ದಳು. ಅವಳು ಅಳುತ್ತಿರಲಿಲ್ಲ. ಸೀರೆಯ ಸೆರಗಿನಲ್ಲಿ ಸೊಸೆಯ ರಕ್ತ ಒಣಗಿತ್ತು.

"ನಾಳಿ ಮುಗೀತದ," ಎಂದಳು. "ಚಂದ್ರಾಮ ಇಕ್ಕಳ ತಂದು ಇಟ್ಟಾನ. ಆಕಿಗಿ ಚಾವಡ್ಯಾಗ ಕೂಡಿಸ್ಯಾರ."

ಇಕ್ಕಳ ಯಾತಕ್ಕೆಂದು ಮಹಾನಂದಾ ಕೇಳಬೇಕಾಗಿರಲಿಲ್ಲ. ಭಾನಾಮತಿ ಮಾಡುವವರ ಮುಂದಿನ ಹಲ್ಲು ಕಿತ್ತರೆ ಮಂತ್ರ ಬಾಯಲ್ಲಿ ನಿಲ್ಲುವುದಿಲ್ಲ ಎಂಬ ಮಾತನ್ನು ಅವಳು ಅಜ್ಜಿಯ ಕಾಲದ ಕಥೆಯೆಂದು ಕೇಳಿದ್ದಳು.

"ಅಕ್ಕ, ನೀ ಹೋಗಬ್ಯಾಡ."

"ನಾನೇ ಮುಂದ ನಿಂದ್ರಾಕಿ."

ಮರುದಿನ ಬೆಳಿಗ್ಗೆ ಪಟೇಲರ ಕಾರಿನಲ್ಲಿ ಇಬ್ಬರೂ ಹೊನ್ನಕಂಟಿಗೆ ಹೊರಟರು. ಪೊಲೀಸರಿಗೆ ಫೋನು ಮಾಡಿದ್ದರು. ಜೀಪು ಬೇರೆ ಕಡೆ ಹೋಗಿದೆ, ಬಂದ ಕೂಡಲೇ ಕಳಿಸುತ್ತೇವೆ ಎಂದು ಅತ್ತಲಿಂದ ಉತ್ತರ ಬಂದಿತ್ತು.

ಚಾವಡಿ ಊರಿನ ಮಧ್ಯದ ಉದ್ದನೆಯ ಕಲ್ಲುಕಟ್ಟಡ. ಮೂರು ಕಡೆ ಗೋಡೆ, ಮುಂದೆ ಕಂಬಗಳು, ಮೇಲೆ ಹೊಸ ಫರಸಿಯ ಮಾಳಿಗೆ. ಪಕ್ಕದ ಕೋಣೆಯಲ್ಲಿ ಜಗದೇವಿಯನ್ನು ಕೂಡಿಹಾಕಿದ್ದರು. ಮೇಸ್ತ್ರಿ ಚಂದ್ರಾಮ ಬಾಗಿಲಲ್ಲಿ ಕೂತಿದ್ದ. ಒಳಗೆ ಹೋಗಿ ಮಾತಾಡಲು ಅವನು ಮಹಾನಂದಾಳನ್ನು ತಡೆಯಲಿಲ್ಲ. ಎಷ್ಟೋ ದಿನದಿಂದ ನಿದ್ದೆಯಿಲ್ಲದ ಅವನ ಕಣ್ಣು ಕೆಂಪಾಗಿದ್ದವು.

ಹೊತ್ತು ಏರಿರಲಿಲ್ಲ, ಕಲ್ಲು ತಣ್ಣಗಿತ್ತು, ಹುಳಗಳು ಸುಮ್ಮನಿದ್ದವು. ಆದರೂ ಜಗದೇವಿ ಮೂಲೆಯಲ್ಲಿ ಮುದುರಿ ಕೂತು ಗಡಗಡ ನಡುಗುತ್ತಿದ್ದಳು. ಅವಳ ಹೆದರಿಕೆಗೆ ಯಾವ ಹುಳವೂ ಬೇಕಿರಲಿಲ್ಲ. ಮಾತಿನ ನಡುವೆ ನಾಲಿಗೆಯಿಂದ ತನ್ನ ಮುಂದಿನ ಹಲ್ಲುಗಳನ್ನು ಮತ್ತೆ ಮತ್ತೆ ಮುಟ್ಟಿ ನೋಡಿಕೊಳ್ಳುತ್ತಿದ್ದಳು.

"ಅಕ್ಕೋರ, ನನ್ನ ಮಕ್ಕಳು ಎಲ್ಲಿ ಅದಾವರಿ?"

"ನಿಮ್ಮ ತಮ್ಮ ಕರಕೊಂಡು ಹೋಗ್ಯಾನಂತ. ಹೊಳಿ ಆಚಿ ಅದಾವ, ಚೆಂದ ಅದಾವ."

"ನನ್ನ ಮುಖ ನೋಡಿ ಹೇಳ್ರಿ. ನಾ ಹಂಥಾಕಿ ಕಾಣ್ತೀನೇನು? ಮೊನ್ನಿಯಿಂದ ನನಗೂ ಅಂಜಿಕಿ ಬರ್ಲಾಕತ್ತದ. ನಾನೇ ಏನರ ಮಾಡೀನೇನೋ, ನನಗ ತಿಳೀದಂಗ ನನ್ನ ಕೈಲಿ ಆಗ್ಯಾದೇನೋ ಅಂತ ಅನಸ್ತದರಿ."

ಮಹಾನಂದಾ ಅವಳ ಕೈ ಹಿಡಿದುಕೊಂಡಳು. ಹಿಟ್ಟು ಆ ಕೈಗೆರೆಗಳಲ್ಲಿ ಇನ್ನೂ ಉಳಿದಿತ್ತು.

ಹೊರಗೆ ಬಂದು ಅವಳು ಜನರ ಮುಂದೆ ಹುಳದ ಮಾತು ಎತ್ತಿದಳು. ಪಟೇಲರು ಯಂತ್ರ ತೋರಿಸಿದರು. ಯಾರೋ ನಕ್ಕರು. ಇಷ್ಟುದ್ದದ ಹುಳಕ್ಕೆ ಊರು ಅಂಜುತ್ತದೇನು ಎಂದರು. ಕೊನೆಗೆ ಅವಳು ಚಂದ್ರಾಮನಿಗೆ ಹೇಳಿದಳು:

"ಒಂದು ಕೆಲಸ ಮಾಡ್ರಿ. ಪಟೇಲ ಸರ್ ಜಗದೇವಕ್ಕನ್ನ ಕಾರಿನಾಗ ಹೊಳಿ ದಾಟಿಸಿ ಬಿಡ್ತಾರ. ನಾ ಇಲ್ಲೇ ನಿಮ್ಮ ಕೂಡ ಕೂಡ್ತೀನಿ. ಆಕಿ ಇಲ್ಲದಾಗ ಅಂಜಿಕಿ ಬರ್ಲಿಲ್ಲಂದ್ರ ನಿಮ್ಮ ಮಾತು ಖರೆ. ಆಕಿಗಿ ನಾನೇ ವಾಪಸ್ ಕರ್ಕೊಂಡು ಬರ್ತೀನಿ. ಬಂತಂದ್ರ ಆಕಿಗಿ ಬಿಡಬೇಕು."

"ಆಕಿ ಓಡಿ ಹೋದ್ರ?"

"ನಾ ಇರ್ತೀನಲ್ಲ."

ಚಂದ್ರಾಮ ಶಿವಲೀಲಾಳ ಮುಖ ನೋಡಿದ. ಹಿಂದಿನ ರಾತ್ರಿ ಊರಿಗೆ ವಾಪಸಾಗಿದ್ದ ಶಿವಲೀಲಾ ಕಂಬಕ್ಕೆ ಒರಗಿ ನಿಂತಿದ್ದಳು. ಅವಳು ಹೂಂ ಎಂದು ತಲೆಯಾಡಿಸಿದಳು.

ಪಟೇಲರಿಗೆ ಅವಳನ್ನು ಬಿಟ್ಟುಹೋಗಲು ಮನಸ್ಸಿರಲಿಲ್ಲ. "ಮೇಡಂ, ಅಂಜಿಕಿ ಮುಖ ಹುಡುಕ್ತದ ಅಂತ ಹೇಳಿದ್ದೆ," ಎಂದರು ಕಿವಿಯ ಹತ್ತಿರ. ಅವಳಿಗೂ ಅದು ನೆನಪಿತ್ತು. "ಹೋಗ್ರಿ ಸರ್," ಎಂದಳು. ಕಾರು ಧೂಳೆಬ್ಬಿಸಿ ಹೋಯಿತು.

ಬಿಸಿಲು ಏರಿತು. ನೆರಳು ಕಂಬದ ಬುಡಕ್ಕೆ ಬಂತು. ಚಾವಡಿಯ ತುಂಬ ಕೂತ ಜನ ಒಬ್ಬರನ್ನೊಬ್ಬರು ನೋಡದೆ ಕಾಯುತ್ತಿದ್ದರು. ಮಹಾನಂದಾ ಮನಸ್ಸಿನಲ್ಲೇ ತನಗೆ ತಾನು ಪಾಠ ಹೇಳಿಕೊಳ್ಳತೊಡಗಿದಳು. ಇದು ಕಂಪನ. ಕಾಲು ಪಟ್ಟಿಗೆ ಉಜ್ಜುತ್ತದೆ, ಚೀಲ ಮಿಡಿಯುತ್ತದೆ, ಕಲ್ಲು ಅದುರುತ್ತದೆ, ಕಲ್ಲಿನಿಂದ ಎಲುಬಿಗೆ ಬರುತ್ತದೆ. ಇದರಲ್ಲಿ ಹೆದರುವಂಥದ್ದೇನೂ ಇಲ್ಲ.

ಆಗ ಅದು ಬಂತು. ಕೂತ ನೆಲದಿಂದ ಬೆನ್ನುಹುರಿಗೆ ಏರಿತು. ಪ್ರಯೋಗಾಲಯದಲ್ಲಿ ಕಂಡದ್ದು ಇದರ ಮುಂದೆ ಏನೂ ಅಲ್ಲ. ಪಾಠದ ಒಂದೊಂದೇ ಮಾತು ಅವಳ ತಲೆಯಿಂದ ಉದುರಿ ಹೋಯಿತು. ಕೂಸುಗಳು ಒಟ್ಟಿಗೆ ಅತ್ತವು. ಮುದುಕನೊಬ್ಬ ಗೋಡೆಗೆ ಮುಖ ಹಚ್ಚಿದ. ಎಲ್ಲರ ಕಣ್ಣೂ ಪಕ್ಕದ ಕೋಣೆಯ ಕಡೆ ಹೋದವು. ಬಾಗಿಲು ತೆರೆದಿತ್ತು, ಒಳಗೆ ಯಾರೂ ಇರಲಿಲ್ಲ. ಕಣ್ಣುಗಳು ಅಲ್ಲಿಂದ ಹೊರಟು ಒಬ್ಬೊಬ್ಬರ ಮುಖವನ್ನೂ ಸವರಿ ಬಂದು, ಮಹಾನಂದಾಳ ಮೇಲೆ ನಿಂತವು.

"ಆಕಿ ಹೋದ್ರೂ ಬಂತು," ಎಂದ ಯಾರೋ.

"ಹೋಗ್ತಾ ಈಕಿಗಿ ಕೊಟ್ಟು ಹೋಗ್ಯಾಳ. ಒಳಗ ಇಬ್ಬರೇ ಕೂತಿದ್ರಲ್ಲ."

"ಡಬ್ಬಿ ತುಂಬ ಹುಳ ಒಯ್ದಾಕಿ ಈಕಿನೇ."

ಮಹಾನಂದಾ ಎದ್ದಳು. ಓಡಬೇಕೆನ್ನಿಸಿತು. ಅವಳ ಕಣ್ಣೂ ಒಂದು ಮುಖವನ್ನು ಹುಡುಕುತ್ತಿತ್ತು, ಸಿಕ್ಕಿತು. ಕಂಬದ ಹತ್ತಿರ ನಿಂತಿದ್ದ ಅಕ್ಕ. ಇವಳೇ. ಇದಕ್ಕೇ ನನ್ನನ್ನು ಈ ಊರಿಗೆ ಕರೆಸಿದವಳು ಇವಳೇ. ಹಾಗೆ ಅನ್ನಿಸಿದ್ದು ಅವಳಿಗೆ ಸಾವಿರ ಸಲ ನೋಡಿದ ಸತ್ಯದಷ್ಟು ಸ್ಪಷ್ಟವಾಗಿತ್ತು.

ಯಾರೋ ಹಿಂದಿನಿಂದ ಅವಳ ತೋಳು ಹಿಡಿದರು. ಚಂದ್ರಾಮ ಎದುರು ಬಂದ. ಅವನ ಹಲ್ಲು ಕಟಕಟ ಅನ್ನುತ್ತಿದ್ದವು. "ನಮ್ಮವ್ವ ಹಿಂಗ ಸತ್ತಳು," ಎಂದ. ಅವಳ ದವಡೆಯನ್ನು ಒತ್ತಿ ಬಾಯಿ ತೆರೆಸಿದ. ಕಬ್ಬಿಣದ ರುಚಿ ನಾಲಿಗೆಗೆ ತಾಗಿತು.

ಶಿವಲೀಲಾ ಜನರನ್ನು ಸರಿಸುತ್ತ ಬಂದಳು. ಅವಳೂ ನಡುಗುತ್ತಿದ್ದಳು. ತಂಗಿಯ ಮುಖ ನೋಡಿ, ಹಾವು ಕಂಡವಳ ಹಾಗೆ ಒಂದು ಹೆಜ್ಜೆ ಹಿಂದಕ್ಕೆ ಸರಿದಳು. ಅಲ್ಲೇ ನಿಂತಳು.

"ಬಿಡು, ಚಂದ್ರಾಮ."

ಅವನು ಬಿಡಲಿಲ್ಲ.

"ನಾನೂ ಅಂಜೀನಿ. ಈಕಿನ್ನ ನೋಡಿ ಅಂಜೀನಿ. ಈಕಿ ನಮ್ಮವ್ವಗ ಹುಟ್ಟಿದಾಗ ನಮ್ಮವ್ವ ಹಾಸಿಗಿ ಹಿಡದಿದ್ಲು. ನನ್ನ ಬಗಲಾಗ ಬೆಳದಾಕಿ ಈಕಿ. ಉಚ್ಚಿ ಬಳದೀನಿ, ತಲಿ ಬಾಚೀನಿ, ಈಕಿ ಹೊಟ್ಟ್ಯಾಗ ಏನದ ಅಂತ ನನಗಿಂತ ಯಾರಿಗಿ ಗೊತ್ತದ? ಈಗ ಈಕಿ ನನ್ನ ನುಂಗಾಕ ಬಂದಂಗ ಕಾಣ್ಲಾಕತ್ತಾಳ." ಅವಳು ಉಸಿರು ತೆಗೆದುಕೊಂಡಳು. "ಹಂಗ ಕಾಣ್ತದಂದ್ರ ಈಕಿ ಸುಳ್ಳಲ್ಲ. ಅಂಜಿಕಿ ಸುಳ್ಳದ. ನೀ ಬಿಡು ಈಕಿನ್ನ."

ಚಂದ್ರಾಮ ಬಿಟ್ಟನೋ, ಒತ್ತಿದನೋ, ಅವನಿಗೇ ತಿಳಿಯಲಿಲ್ಲ. ಟಕ್ಕೆಂದು ಸದ್ದಾಯಿತು. ಮಹಾನಂದಾಳ ಬಾಯಿ ತುಂಬ ರಕ್ತ ಬಂತು.

ಶಿವಲೀಲಾ ಮೂಲೆಯಲ್ಲಿದ್ದ ಕುಡಿಯುವ ನೀರಿನ ಕೊಡ ಎತ್ತಿ ಟೊಂಕಕ್ಕೆ ಇಟ್ಟುಕೊಂಡಳು. ಹೊರಗಿನ ಮೆಟ್ಟಿಲನ್ನು ಹತ್ತುವಾಗ ಎರಡು ಸಲ ಮುಗ್ಗರಿಸಿದಳು. ಕಾದ ಮಾಳಿಗೆಯ ಮೇಲೆ ಬರಿಗಾಲಲ್ಲಿ ನಿಂತು ಕೊಡವನ್ನು ಬೋರಲು ಹಾಕಿದಳು. "ನೀರು ತರ್ರಿ," ಎಂದು ಮೇಲಿನಿಂದ ಕೂಗಿದಳು. "ಆಕಿ ಹೇಳಿದಂಗ ಒಮ್ಮಿ ಮಾಡಿ ನೋಡ್ರಿ. ಮನ್ಯಾಗ ಇದ್ದಷ್ಟು ತರ್ರಿ." ಒಬ್ಬಳು ಮುದುಕಿ ಎದ್ದಳು. ಆಮೇಲೆ ಇನ್ನೊಬ್ಬಳು. ಟ್ಯಾಂಕರಿನ ನೀರು ತುಂಬಿಟ್ಟಿದ್ದ ಕೊಡ, ಬಿಂದಿಗೆ, ಬಕೆಟ್ಟುಗಳು ಮೆಟ್ಟಿಲ ಮೇಲೆ ಕೈಯಿಂದ ಕೈಗೆ ಹೋದವು.

ಮೊದಲು ಕೂಸುಗಳ ಅಳು ನಿಂತಿತು. ಆಮೇಲೆ, ಹೊಟ್ಟೆನೋವು ತಟ್ಟನೆ ಬಿಟ್ಟಾಗ ಆಗುವಂತೆ, ಇಡೀ ಚಾವಡಿ ಒಟ್ಟಿಗೆ ಉಸಿರು ಬಿಟ್ಟಿತು. ತೊಯ್ದ ಸಂದಿಗಳಿಂದ ಹುಳಗಳು ಒಂದೊಂದಾಗಿ, ಬಳಿಕ ರಾಶಿರಾಶಿಯಾಗಿ ಜನರ ತಲೆಯ ಮೇಲೆ, ತೊಡೆಯ ಮೇಲೆ ಉದುರಿದವು. ಯಾರೂ ಕಿರುಚಲಿಲ್ಲ. ಒಬ್ಬರ ಮುಖ ಒಬ್ಬರು ನೋಡುತ್ತಿದ್ದರು. ಚಂದ್ರಾಮ ಇಕ್ಕಳವನ್ನು ನೆಲಕ್ಕೆ ಹಾಕಿ, ಎರಡೂ ಕೈ ತಲೆಯ ಮೇಲೆ ಹೊತ್ತು ಕೂತುಬಿಟ್ಟ. ಪೊಲೀಸ್ ಜೀಪು ಬಂದಾಗಲೂ ಅವನು ಹಾಗೇ ಕೂತಿದ್ದ.

ಮಳೆ ಬೀಳುವ ಹೊತ್ತಿಗೆ ಓಣಿಯ ಹೊಸ ಕಲ್ಲುಗಳನ್ನೆಲ್ಲ ಇಳಿಸಿದರು. ಪಟೇಲರು ಹಳೆಯ ಮೋಟಾರುಗಳನ್ನು ತಂದು, ಗೋಡೆ ಅದುರಿಸಿ, ಉಳಿದ ಹುಳಗಳನ್ನು ಓಡಿಸುವುದನ್ನು ಹುಡುಗರಿಗೆ ಕಲಿಸಿದರು. ಗಣಿಯ ಕೆಳಪದರಕ್ಕೆ ಬೇಲಿ ಬಿತ್ತು. ರೇಣುಕಾ ದಿನ ತುಂಬುವ ಮುಂಚೆಯೇ ಹೆತ್ತಳು, ಹೆಣ್ಣುಕೂಸು, ಅಂಗೈಯಷ್ಟಿತ್ತು, ಬದುಕಿತು. ಮಹಾನಂದಾಳ ಮುಂದಿನ ಹಲ್ಲು ಅರ್ಧ ಮುರಿದಿತ್ತು. ಡಾಕ್ಟರು ಅದಕ್ಕೆ ಟೊಪ್ಪಿಗೆ ಹಾಕಿದರು. ಹುಳದ ಅಂಗದ ಬಗ್ಗೆ ಅವಳು ಬರೆದದ್ದನ್ನು ಓದಿದ ಯಾರೋ ದೂರದೂರಿನಿಂದ ಫೋನು ಮಾಡಿ, ಇದನ್ನು ಯಂತ್ರದಲ್ಲಿ ಮಾಡಬಹುದೇ, ಗುಂಪು ಚದುರಿಸಲು ಬರುತ್ತದಲ್ಲ ಎಂದು ಕೇಳಿದರು. ಅವಳು ಉತ್ತರ ಕೊಡದೆ ಫೋನಿಟ್ಟಳು. ಎದ್ದು ಬಾಗಿಲ ಚಿಲಕ ಹಾಕಿದಳು, ಆ ಕೋಣೆಯಲ್ಲಿ ಫರಸಿ ಇರಲಿಲ್ಲ.

ಜಗದೇವಿ ಊರಿಗೆ ಮರಳಲಿಲ್ಲ. ಹೊಳೆಯಾಚೆ ತಮ್ಮನ ಮನೆಯಲ್ಲೇ ಉಳಿದಳು. ಊರವರು ಎರಡು ಸಲ ಹೇಳಿ ಕಳಿಸಿದರು. ಶ್ರಾವಣದಲ್ಲಿ ಒಂದು ದಿನ ಶಿವಲೀಲಾ ತಾನೇ ಹೋಗುತ್ತೇನೆಂದಳು. ಒಬ್ಬಳೇ ಹೋಗಲು ಧೈರ್ಯವಾಗದೆ ತಂಗಿಯನ್ನು ಕರೆದಳು.

ಜಗದೇವಿ ಹೊರಗೆ ಬಂದು ಕಟ್ಟೆಯ ಮೇಲೆ ಕೂಡಲು ಹೇಳಿದಳು. ಎರಡು ಲೋಟ ನೀರು ತಂದಿಟ್ಟಳು. ಮಹಾನಂದಾಳ ಬಾಯಿ ನೋಡಿ, "ನೋವು ಹೋಯ್ತೇನ್ರಿ ಅಕ್ಕೋರ?" ಎಂದು ಕೇಳಿದಳು. ಶಿವಲೀಲಾ ದಾರಿಯುದ್ದಕ್ಕೂ ಜೋಡಿಸಿಕೊಂಡು ಬಂದಿದ್ದ ಮಾತನ್ನು ಹೇಳಿದಳು. ಎಲ್ಲ ಹುಳದ ಸದ್ದಿನಿಂದ ಆಯಿತು, ನಾವು ನಾವಾಗಿರಲಿಲ್ಲ, ಬುದ್ಧಿ ಎಲ್ಲೋ ಹೋಗಿತ್ತು, ಊರಿಗೆ ಬಾ ಎಂದಳು.

ಜಗದೇವಿ ಪೂರ್ತಿ ಕೇಳಿಸಿಕೊಂಡಳು.

"ಅಂಜಿಕಿ ಹುಳದ್ದು, ಒಪ್ಪತೀನಿ," ಎಂದಳು. "ಅಕ್ಕೋರು ಸುಳ್ಳ ಹೇಳಾಂಗಿಲ್ಲ. ಆದ್ರ ನನ್ನ ಹೆಸರು ಹುಳಕ್ಕ ಹ್ಯಾಂಗ ಗೊತ್ತಾಯ್ತು, ಶಿವಲೀಲಾ?"

ಶಿವಲೀಲಾ ತಲೆ ತಗ್ಗಿಸಿದಳು. ಕೈಯಲ್ಲಿದ್ದ ಲೋಟವನ್ನು ಕಟ್ಟೆಯ ಮೇಲೆ ಇಟ್ಟಳು.

"ನಾ ಹೇಳೀನಿ. ಬೇವಿನ ಗಿಡದ ಕೆಳಗ ಎಲ್ಲಾರಿಗಿಂತ ಮೊದಲ ನಾನೇ ಹೇಳೀನಿ."

"ಗೊತ್ತದ," ಎಂದಳು ಜಗದೇವಿ.

ಅವಳು ಲೋಟಗಳನ್ನು ಎತ್ತಿಕೊಂಡು ಒಳಗೆ ಹೋದಳು. ಬಾಗಿಲು ಹಾಕಲಿಲ್ಲ, ಮತ್ತೆ ಹೊರಗೂ ಬರಲಿಲ್ಲ. ಅಕ್ಕತಂಗಿಯರು ಮೋಡ ಕವಿಯುವ ತನಕ ಕಟ್ಟೆಯ ಮೇಲೆ ಕೂತಿದ್ದು, ಆಮೇಲೆ ಎದ್ದು ಹೊಳೆಯ ಕಡೆ ನಡೆದರು.